ಬಿಡುವ ಮಾತು

ನಾಳೆಯಿಂದ ಏಟು ಯಾರಿಗೆ ಬೀಳುತ್ತದೆ ಎನ್ನುವುದೊಂದೇ ವಿಮಲಮ್ಮನ ತಲೆಯಲ್ಲಿತ್ತು. ಕೈ ತನ್ನ ಪಾಡಿಗೆ ತಾನು ಹೊಗೆಸೊಪ್ಪಿನ ಹಸಿ ಎಲೆಗಳನ್ನು ಜೋಡಿಸಿ ಕಡ್ಡಿಗೆ ಕಟ್ಟುತ್ತಿತ್ತು. ಬೆಳಿಗ್ಗೆ ತಮ್ಮ ಸುನೀಲ್‌ಕುಮಾರ್ ಹುಣಸೂರಿನಿಂದ ಫೋನು ಮಾಡಿದ್ದ. ಅತ್ತೆ ತೀರಿಕೊಂಡ ಮೇಲೆ ಚಿನ್ನುವಿಗೆ ನಿಮ್ಮ ಮನೆಯಲ್ಲಿ ಕೆಲಸವಿಲ್ಲವಲ್ಲ, ಕಂಪನಿಯವರು ವಾಪಸ್ಸು ಕೇಳುತ್ತಿದ್ದಾರೆ, ನಾಳೆ ಬಂದು ಕರೆದುಕೊಂಡು ಹೋಗುತ್ತೇನೆ ಎಂದ. ಕರೆದುಕೊಂಡು ಎಂದವನು ತನಗೇ ನಾಚಿಕೆಯಾಗಿ ನಕ್ಕು, ತೆಗೆದುಕೊಂಡು ಎಂದು ತಿದ್ದಿದ. ಪಕ್ಕದಲ್ಲಿ ಕೂತು ತನ್ನಷ್ಟೇ ಚುರುಕಾಗಿ ಸೊಪ್ಪು ಕಟ್ಟುತ್ತಿದ್ದ ಚಿನ್ನುವನ್ನು ಗೊತ್ತಿಲ್ಲದವರು ನೋಡಿದರೆ ಹನಗೋಡಿನ ಕಡೆಯಿಂದ ಕೂಲಿಗೆ ಬಂದ ಮೂವತ್ತರ ಹೆಂಗಸು ಎನ್ನಬೇಕು. ಉಸಿರಾಡುವ ಹಾಗೆ ಎದೆ ಏಳುತ್ತದೆ, ಬಿಸಿಲಿಗೆ ಕಣ್ಣು ಕಿರಿದಾಗುತ್ತದೆ, ಮುಟ್ಟಿದರೆ ಮೈ ಬೆಚ್ಚಗಿದೆ. ಒಳಗೆ ಮಾತ್ರ ರಕ್ತವಿಲ್ಲ, ಕರೆಂಟು. ವಿಮಲಮ್ಮನದೇ ಹಳೆಯ ನೀಲಿ ಸೀರೆ ಉಟ್ಟಿತ್ತು. ಎಡಗಣ್ಣಿನ ಕೆಳಗೆ ಚರ್ಮ ಹರಿದು, ಅಂಗಡಿಯ ಅಂಟು ಹಾಕಿ ಕೂರಿಸಿದ ಜಾಗ ಸುಕ್ಕಾಗಿ ಎದ್ದು ಕಾಣುತ್ತಿತ್ತು. ಅಂಟು ಹಾಕಿದವಳು ವಿಮಲಮ್ಮ. ಹರಿದವನು ಅವಳ ಗಂಡ ದೇವರಾಜು. ಎದುರಿಗೆ ಕೂತಿದ್ದ ಕೂಲಿಯ ಚಿಕ್ಕಬೀರಮ್ಮ ಬಾಯಲ್ಲಿದ್ದ ಎಲೆಯಡಿಕೆ ಉಗಿದು, “ನಿನ್ ಸವತಿ ನಾಳೆ ಒಂಟೋಯ್ತಾಳಂತೆ? ಇನ್ಮ್ಯಾಕೆ ನಿನ್ ಮೈ ಉಸಾರು ಕಣವ್ವ,” ಎಂದಳು. ಸಾಲಿನಲ್ಲಿದ್ದ ಹೆಂಗಸರೆಲ್ಲ ನಕ್ಕರು. ವಿಮಲಮ್ಮನೂ ನಕ್ಕಳು. ಊರಿಗೆಲ್ಲ ಗೊತ್ತಿರುವುದನ್ನು ಗೊತ್ತಿಲ್ಲವೆಂದು ನಟಿಸುವುದಕ್ಕಿಂತ ನಗುವುದು ಸುಲಭ ಎಂದು ಅವಳು ಎಂದೋ ಕಲಿತಿದ್ದಳು.

ಚಿನ್ನು ಬಂದದ್ದು ಅತ್ತೆ ಪುಟ್ಟಮಲ್ಲಮ್ಮ ಬಚ್ಚಲಲ್ಲಿ ಜಾರಿ ಸೊಂಟ ಮುರಿದುಕೊಂಡಾಗ. ಹುಣಸೂರಿನಲ್ಲಿ ಟಿಲ್ಲರ್, ಮೋಟಾರು ಮಾರುತ್ತಿದ್ದ ಸುನೀಲ್‌ಕುಮಾರ್ ಆ ವರ್ಷ ಈ ಗೊಂಬೆಗಳನ್ನು ಬಾಡಿಗೆಗೆ ಕೊಡುವ ವ್ಯಾಪಾರವನ್ನೂ ಹಿಡಿದಿದ್ದ. ಬೀಳುವವರನ್ನು ಹಿಡಿದುಕೊಳ್ಳುವುದೇ ಇದರ ಮುಖ್ಯ ಕಸುಬು ಎಂದು ಅಂಗಳದಲ್ಲಿ ತಾನೇ ಓಲಾಡಿ ತೋರಿಸಿದ್ದ. ಬೀಳುವವರು ಕೊಸರಾಡುತ್ತಾರೆ, ಅದಕ್ಕೆ ಕೊಸರಿದಷ್ಟೂ ಹಿಡಿತ ಬಿಗಿಯಾಗುತ್ತದೆ; ಜ್ಞಾನ ತಪ್ಪಿದರೆ ಮೆಲ್ಲಗೆ ನೆಲಕ್ಕೆ ಮಲಗಿಸುತ್ತದೆ. ಮುದುಕಿ ಎದ್ದಾಗಲೆಲ್ಲ ಚಿನ್ನು ಅವಳ ಮಣಿಕಟ್ಟು ಹಿಡಿದು, ಹೆದರಬೇಡಿ ಅಜ್ಜಿ, ಬೀಳಲು ಬಿಡುವುದಿಲ್ಲ ಎನ್ನುತ್ತಿತ್ತು. ಅದರ ಮಾತು ಪಾಠದ ಪುಸ್ತಕದ ಮಾತು. ಮುದುಕಿಗೆ ಅದು ಟೀಚರಮ್ಮನ ಹಾಗೆ ಕೇಳಿ ಖುಷಿಯಾಗುತ್ತಿತ್ತು. ಚಿನ್ನು ಎಂದು ಹೆಸರಿಟ್ಟವಳೂ ಅವಳೇ. ಆ ದಿನಗಳಲ್ಲಿ ದೇವರಾಜು ಹೆಂಡತಿಯ ಜುಟ್ಟು ಹಿಡಿದು ಗೋಡೆಗೆ ಗುದ್ದುವಾಗ ಚಿನ್ನು ಬಾಗಿಲ ಬಳಿ ನಿಂತು ನೋಡುತ್ತಿತ್ತು. ಮನೆ ಜಗಳಕ್ಕೆ ಅದು ತಲೆ ಹಾಕುವುದಿಲ್ಲ ಅಕ್ಕಯ್ಯ, ಒಳ್ಳೆ ನೆಂಟರ ಥರ ಎಂದು ಸುನೀಲ್‌ಕುಮಾರ್ ಮೊದಲೇ ಹೇಳಿದ್ದ. ಹೇಳುವಾಗ ಅಕ್ಕನ ಹಣೆಯ ಬಾವನ್ನು ಬಿಟ್ಟು ಮಿಕ್ಕೆಲ್ಲ ಕಡೆ ನೋಡಿದ್ದ. ಅವನೂ ಒಳ್ಳೆ ನೆಂಟನೇ.

ಚಿನ್ನುವಿಗೆ ಮೊದಲ ಏಟು ಬಿದ್ದದ್ದು ತಪ್ಪಿ. ಅತ್ತೆಯ ತಿಥಿ ಮುಗಿದಿತ್ತಷ್ಟೆ. ಸಾರಿಗೆ ಉಪ್ಪು ಹಾಕಿಲ್ಲವೆಂದು ದೇವರಾಜು ಚೊಂಬು ಬೀಸಿದ, ವಿಮಲಮ್ಮ ಬಗ್ಗಿದಳು, ಹಿಂದೆ ತಟ್ಟೆ ಹಿಡಿದು ನಿಂತಿದ್ದ ಚಿನ್ನುವಿನ ಕೆನ್ನೆಗೆ ಬಡಿಯಿತು. ಅಣ್ಣ, ನಿಮ್ಮ ಕೈಗೆ ನೋವಾಯಿತೇ ಎಂದು ಅದು ಕೇಳಿತು. ಅವನು ಒಂದು ಗಳಿಗೆ ಪೆಚ್ಚಾಗಿ ನಿಂತು, ಆಮೇಲೆ ಬೇಕೆಂದೇ ಇನ್ನೊಂದು ಬಾರಿಸಿದ. ತವರಿಗೆ ಓಡದ, ಬೀದಿಗೆ ಕೇಳುವ ಹಾಗೆ ಅಳದ ಒಂದು ಮೈ ಅವನಿಗೆ ಸಿಕ್ಕಿಬಿಟ್ಟಿತ್ತು. ಅತ್ತೆ ಮೇಲಿನ ಕೋಪ ಕೊತ್ತಿ ಮೇಲೆ ಎನ್ನುತ್ತಾರೆ. ಈ ಮನೆಯವರು ಕೊತ್ತಿಯನ್ನು ಬಾಡಿಗೆಗೆ ತಂದುಕೊಂಡಿದ್ದರು. ಅಂದಿನಿಂದ ವಿಮಲಮ್ಮ ಎಲ್ಲಿ ನಿಂತರೂ ನಡುವೆ ಚಿನ್ನು ಇರುವ ಹಾಗೆ ನಿಲ್ಲುವುದನ್ನು ಕಲಿತಳು. ಬೈಕಿನ ಸದ್ದು ತೋಟದ ತಿರುವಿನಲ್ಲಿ ಕೇಳಿದ ಕೂಡಲೇ ಅವನ ಹದ ಅವಳಿಗೆ ತಿಳಿಯುತ್ತಿತ್ತು. ಸದ್ದು ಒರಟಾಗಿದ್ದರೆ ಕಾಲಿಗೆ ನೀರು ಕೊಡಲು ಚಿನ್ನುವನ್ನು ಕಳಿಸುವಳು. ತಾನು ಒಳಗೆ ಮುದ್ದೆ ತೊಳಸುತ್ತಾ, ಪಡಸಾಲೆಯಲ್ಲಿ ಧಡ್ ಧಡ್ ಎನ್ನುವುದನ್ನು ಕೇಳುತ್ತಾ, ಗಂಟಾಗದ ಹಾಗೆ ತಿರುವುವಳು. ವರ್ಷಗಳ ಮೇಲೆ ಅವಳಿಗೆ ಒಳ್ಳೆಯ ನಿದ್ದೆ ಬಂತು. ಮೈ ತುಂಬಿಕೊಂಡಿತು. ಒಡೆಯುತ್ತವೆ, ಚುಚ್ಚುತ್ತವೆ ಎಂದು ಬಿಟ್ಟೇಬಿಟ್ಟಿದ್ದ ಗಾಜಿನ ಬಳೆಗಳನ್ನು ಸಂತೆಯಲ್ಲಿ ತೊಡಿಸಿಕೊಂಡು ಬಂದಳು. ಹಸಿರು ಬಳೆ. ಒಂದೂ ಒಡೆದಿರಲಿಲ್ಲ. ಈಗಲೂ ಸೊಪ್ಪು ಕಟ್ಟುವಾಗ ಅವು ಒಂದಕ್ಕೊಂದು ತಾಗಿ ಸದ್ದು ಮಾಡುತ್ತಿದ್ದವು, ಆ ಸದ್ದು ಅವಳಿಗೆ ಇಷ್ಟವಾಗುತ್ತಿತ್ತು, ಇಷ್ಟವಾದದ್ದಕ್ಕೆ ಹೇಸಿಗೆಯೂ ಆಗುತ್ತಿತ್ತು.

ಎಲೆಯ ಅಂಟಿಗೆ ಬೆರಳು ಕಪ್ಪಾಗಿತ್ತು. ಚಿನ್ನುವಿನ ಬೆರಳೂ ಕಪ್ಪಾಗಿತ್ತು. ಆ ಎರಡು ಜೊತೆ ಕೈಗಳಲ್ಲಿ ಯಾವುದು ಯಾರದು ಎಂದು ಒಂದು ಕ್ಷಣ ಗೊತ್ತಾಗದೆ ವಿಮಲಮ್ಮ ತನ್ನ ಕೈಯನ್ನು ಹಿಂದಕ್ಕೆಳೆದುಕೊಂಡಳು. ಈ ಕೈಯೂ ಹೊಡೆದಿದೆ. ಒಂದು ಮಧ್ಯಾಹ್ನ, ಸೊಪ್ಪು ಕಟ್ಟುವ ಇದೇ ಕೊಟ್ಟಿಗೆಯ ಚಾವಣಿಯ ಕೆಳಗೆ, ಕಣ್ಣಿನ ಕೆಳಗಿನ ಹರಿದ ಚರ್ಮಕ್ಕೆ ಅಂಟು ಹಚ್ಚುತ್ತಾ ನೋವಾಗುತ್ತದೇನೇ ಎಂದು ಅವಳು ಕೇಳಿದಳು. ನೋವಿಲ್ಲ ಅಕ್ಕ ಎಂದಿತು ಅದು, ಕಾಫಿಗೆ ಸಕ್ಕರೆ ಬೇಡ ಎನ್ನುವಷ್ಟು ಸಲೀಸಾಗಿ. ಹಾಗಾದರೆ ನನಗೆ ಯಾಕೆ ನೋವಾಗುತ್ತಿತ್ತು, ಅಷ್ಟು ವರ್ಷ, ಅಷ್ಟೊಂದು? ಸಿಟ್ಟು ಎಲ್ಲಿತ್ತೋ, ಹೊಟ್ಟೆಯಿಂದ ಎದ್ದು ತೋಳಿಗೆ ಇಳಿಯಿತು. ಕೈಗೆ ಸಿಕ್ಕ ಸೊಪ್ಪಿನ ಕಡ್ಡಿ ತೆಗೆದುಕೊಂಡು ಚಿನ್ನುವಿನ ಬೆನ್ನಿಗೆ, ತೋಳಿಗೆ, ಕತ್ತಿಗೆ ಬಾರಿಸಿದಳು. ನೋವಾಗುತ್ತದೆ ಅನ್ನು, ಅನ್ನೇ, ಎಂದು ಹಲ್ಲು ಕಚ್ಚಿ ಬಾರಿಸಿದಳು. ಕಡ್ಡಿ ಮುರಿಯುವವರೆಗೂ ಬಾರಿಸಿದಳು. ಹೊಡೆಯುವುದು ಇಷ್ಟು ಹಿತವೆಂದು ಅವಳಿಗೆ ಗೊತ್ತಿರಲಿಲ್ಲ. ಒಂದೊಂದು ಏಟಿಗೂ ಎದೆಯ ಗಂಟು ಸಡಿಲವಾಗುತ್ತಾ ಹೋಯಿತು, ಕೊನೆಗೆ ಬೆವೆತು ಕೂತಾಗ ಮೈ ಹಗುರವಾಗಿ, ತಾನು ಗಂಡನನ್ನು ಮೊದಲ ಸಲ ಅರ್ಥ ಮಾಡಿಕೊಂಡೆ ಎನಿಸಿತು. ಹದಿನೆಂಟು ವರ್ಷದ ಸಂಸಾರದಲ್ಲಿ ಅವನಿಗೆ ಅಷ್ಟು ಹತ್ತಿರವಾದದ್ದು ಅದೊಂದೇ ಗಳಿಗೆ. ಚಿನ್ನು ಮುರಿದ ತುಂಡುಗಳನ್ನು ಆರಿಸಿ ಒಲೆಗೆ ಹಾಕಿ ಬಂದು, ಅಕ್ಕ, ನೀರು ಕೊಡಲೇ ಎಂದಿತು. ವಿಮಲಮ್ಮ ಬಚ್ಚಲಿಗೆ ಹೋಗಿ ವಾಂತಿ ಮಾಡಿಕೊಂಡಳು. ಆ ದಿನದಿಂದ ಮನಸ್ಸಿನಲ್ಲಿ ಚಿನ್ನುವನ್ನು ‘ಅದು’ ಎನ್ನಲು ಹೋದರೆ ಅವಳಿಗೆ ‘ಅವಳು’ ಎಂದು ಬರುತ್ತಿತ್ತು. ಆದರೂ ಬೈಕಿನ ಸದ್ದು ಕೇಳಿದಾಗ ನೀರು ಕೊಡಲು ಕಳಿಸುವುದನ್ನು ನಿಲ್ಲಿಸಲಿಲ್ಲ.

ಬಿಡುವ ಮಾತಿನ ವಿಷಯ ತಿಳಿದದ್ದು ಹಾಲು ಕರೆಯುವಾಗ. ಕರುವಿನ ಹಗ್ಗ ಚಿನ್ನುವಿನ ಕೈಯಲ್ಲಿತ್ತು. ಕರೆದಾದ ಮೇಲೆ ಎಂದಿನಂತೆ ವಿಮಲಮ್ಮ, ಕರ ಬುಡು ಎಂದಳು. ಚಿನ್ನು ಬಿಡಲಿಲ್ಲ. ಬುಡು, ಬುಡೇ ಎಂದು ಕೂಗಿದಳು. ಕರು ತಾಯಿಯ ಕಡೆಗೆ ಜಗ್ಗಿತು, ಜಗ್ಗಿದಷ್ಟೂ ಹಿಡಿತ ಬಿಗಿಯಾಯಿತು, ಕರುವಿನ ಕಣ್ಣು ಮೇಲಾಗಿ ನಾಲಿಗೆ ಹೊರಗೆ ಬಂತು. ಆಗ ಎಲ್ಲಿಂದಲೋ ಅವಳಿಗೆ ಪಿರಿಯಾಪಟ್ಟಣದ ಕಡೆಯ ತನ್ನ ಊರಿನ ಶಾಲೆ ನೆನಪಾಯಿತು. ಉಕ್ತಲೇಖನದಲ್ಲಿ ಬುಡು ಎಂದು ಬರೆದದ್ದಕ್ಕೆ ಮೇಷ್ಟ್ರು ಅಂಗೈ ಮುಂದೆ ಚಾಚಿಸಿ ಬೆತ್ತದಿಂದ ಬಾರಿಸಿದ್ದರು; ಬಿಡು, ಬಿಡು, ಬಕಾರಕ್ಕೆ ಗುಡಿಸು, ಕೊಂಬಲ್ಲ, ಎನ್ನುತ್ತಾ ಗುಡಿಸಿಗೊಂದು ಏಟು. “ಬಿಡು,” ಎಂದಳು ವಿಮಲಮ್ಮ, ಇನ್ನೊಬ್ಬರ ಸೀರೆ ಉಟ್ಟವಳ ಹಾಗೆ ನಾಚಿಕೊಂಡು. ಬೆರಳುಗಳು ತಕ್ಷಣ ತೆರೆದವು. ಕರು ಓಡಿತು. ಬುಡು ಅಂದರೆ ನಿನಗೆ ತಿಳಿಯುವುದಿಲ್ಲವೇನೇ ಎಂದು ಗದರಿದ್ದಕ್ಕೆ ಚಿನ್ನು ಅವಳ ಮುಖವನ್ನೇ ನೋಡುತ್ತಾ ಹೇಳಿತು: “ಅಕ್ಕ, ಅಣ್ಣ ನಿಮ್ಮ ಕೂದಲು ಹಿಡಿದಾಗ ನೀವು ಬುಡಿ, ಬುಡಿ ಎನ್ನುತ್ತಿದ್ದಿರಿ. ಅವರು ಬಿಡುತ್ತಿರಲಿಲ್ಲ. ಅದರಿಂದ ಅದು ಬಿಡುವ ಮಾತಲ್ಲ ಎಂದು ತಿಳಿದುಕೊಂಡೆ.”

ಸುನೀಲ್‌ಕುಮಾರನಿಗೆ ಫೋನಿನಲ್ಲಿ ಕರುವಿನ ಕತೆ ಹೇಳಿದಾಗ ಅವನು ಬಿದ್ದು ಬಿದ್ದು ನಕ್ಕ. ನಮ್ಮ ಜನ ಮಾತಿಗೊಂದು ಬುಡು ಅನ್ನುತ್ತಾರೆ, ಆಯ್ತು ಬುಡು, ಓಗ್ಲಿ ಬುಡು, ಪಾಪ ಅದು ಯಾವುದನ್ನು ಅಂತ ಬಿಡುತ್ತದೆ, ಸರಿ ಮಾಡಿಸುತ್ತೇನೆ ಎಂದವನು ಮರೆತ. ಚಿನ್ನು ಕೊಟ್ಟ ಕಾರಣವನ್ನು ವಿಮಲಮ್ಮ ಅವನಿಗೆ ಹೇಳಲಿಲ್ಲ. ಯಾರಿಗೂ ಹೇಳಲಿಲ್ಲ. ಬೆಳಗಿನ ಜಾವ ದನದ ಕೊಟ್ಟಿಗೆಯಲ್ಲಿ ಯಾರೂ ಇಲ್ಲದಾಗ ಬಿಡು ಎಂದು ಮೆಲ್ಲಗೆ ಹೇಳುವುದು ಅವಳ ಮತ್ತು ಚಿನ್ನುವಿನ ನಡುವಿನ ಗುಟ್ಟಾಗಿ ಉಳಿಯಿತು.

ಮಧ್ಯಾಹ್ನ ದೇವರಾಜು ಹುಣಸೂರಿನಿಂದ ಬಂದ. ಬೈಕಿನ ಸದ್ದು ಮೆತ್ತಗಿತ್ತು. ಅದೇ ಅವಳಿಗೆ ಹೆದರಿಕೆ ತಂದದ್ದು. ಚಿನ್ನು ಕೊಟ್ಟ ನೀರಿನಲ್ಲಿ ಸುಮ್ಮನೆ ಕಾಲು ತೊಳೆದು, ಉಣ್ಣಲು ಕೂತು, ತುತ್ತು ಮುರಿಯುತ್ತಾ ಸುದ್ದಿ ಹೇಳಿದ. ಕಂಪನಿಯವರು ಗೊಂಬೆಯ ಮೈಯನ್ನೆಲ್ಲ ನೋಡುತ್ತಾರಂತೆ. ಗಾಯ ಯಾರಿಂದ ಆಯಿತೆಂದು ಅದನ್ನೇ ಕೇಳುತ್ತಾರಂತೆ. ಅದಕ್ಕೆ ಸುಳ್ಳು ಹೇಳಲು ಬರುವುದಿಲ್ಲವಂತೆ, ಕಂಡದ್ದನ್ನೆಲ್ಲ ಇಟ್ಟುಕೊಂಡಿರುತ್ತದಂತೆ. ಇದನ್ನು ಭಾಮೈದ ಅಂಗಡಿಯಲ್ಲಿ ನಾಲ್ಕು ಜನರೆದುರು ಹೇಳಿದ್ದ. ಹೇಳಿ, ಏನು ಭಾವ, ನಮ್ಮ ಚಿನ್ನು ಚೆನ್ನಾಗಿದ್ದಾಳಲ್ಲ ಎಂದು ನಕ್ಕಿದ್ದ. ಅಕ್ಕನ ಹಣೆಯನ್ನು ನೋಡದ ಕಣ್ಣು ಗೊಂಬೆಯ ಕೆನ್ನೆಯನ್ನು ನೋಡುತ್ತದೆ, ಬಾಡಿಗೆಯ ಮಾಲಲ್ಲವೇ, ಎಂದು ವಿಮಲಮ್ಮನಿಗೆ ಅನಿಸಿತು. ಗಂಡನ ಕತ್ತಿನ ನರ ಹಾರುತ್ತಿತ್ತು. ಅವನು ಹೆದರಿದ್ದಾನೆ ಎಂದು ಅವಳಿಗೆ ನಂಬುವುದಕ್ಕೇ ಆಗಲಿಲ್ಲ. ತನ್ನನ್ನು ಅಷ್ಟು ಹೊಡೆದಾಗ ಒಂದು ದಿನವೂ ಹೆದರದವನು.

“ಒಡ್ದಿದ್ದು ನಾನೇ ಅಂತ ನೀನು ಒಪ್ಕೊಂಡ್ಬುಡು,” ಎಂದ ದೇವರಾಜು, ತಟ್ಟೆಯಲ್ಲೇ ಕೈ ತೊಳೆಯುತ್ತಾ. “ಎಂಗುಸ್ರು ಒಟ್ಟೆಕಿಚ್ಚು ಅಂದ್ರೆ ಯಾರೂ ಏನೂ ಅನ್ನಕಿಲ್ಲ.”

ಇಲ್ಲ ಎನ್ನಲು ಅವಳು ಬಾಯಿ ತೆರೆದಳು. ಚಿನ್ನುವಿನ ಬೆನ್ನಿನ ಮೇಲೆ ಕಡ್ಡಿಯ ಬರೆಗಳು ಇರುವುದು ನಿಜ, ಅವು ತನ್ನವು. ಕಂಪನಿಯವರು ಕೇಳಿದರೆ ಚಿನ್ನು ಅದನ್ನೂ ಹೇಳುತ್ತದೆ, ಅದೇ ಸಲೀಸಾದ ದನಿಯಲ್ಲಿ, ಇದು ಅಣ್ಣನದು, ಇದು ಅಕ್ಕನದು ಎಂದು ಒಂದೊಂದಾಗಿ ತೋರಿಸುತ್ತದೆ. ಅವಳ ಬಾಯಿ ಮುಚ್ಚಿತು. ದೇವರಾಜು ಅವಳ ಮೌನವನ್ನು ಎಂದಿನ ಹಾಗೆ ಒಪ್ಪಿಗೆ ಎಂದುಕೊಂಡ. ಆದರೆ ನೆಮ್ಮದಿಯಾಗಲಿಲ್ಲವೇನೋ, ಪಡಸಾಲೆಯಲ್ಲಿ ಮಲಗಿದವನು ಮಗ್ಗುಲು ಬದಲಿಸುತ್ತಲೇ ಇದ್ದ.

ಹೊತ್ತು ಮುಳುಗುವ ಮುಂಚೆ ಕೂಲಿಯವರು ಎದ್ದರು. ಒಲೆ ಕಾಯುವ ಮಂಚಯ್ಯ ಸೌದೆ ತರಲು ಹೊಳೆಯ ದಾರಿ ಹಿಡಿದಿದ್ದ, ಚಿಕ್ಕಬೀರಮ್ಮ ಬೋರಿನ ತೊಟ್ಟಿಯಲ್ಲಿ ಕೈಯ ಅಂಟನ್ನು ಮರಳು ಹಾಕಿ ಉಜ್ಜುತ್ತಿದ್ದಳು. ಸೊಪ್ಪು ಬೇಯಿಸುವ ಬ್ಯಾರನ್ನಿನ ಹಿಂದಿನಿಂದ ದೇವರಾಜು ಚಿನ್ನುವನ್ನು ಕೂಗಿದ. ಚಿನ್ನು ಕರೆದ ಕಡೆ ಹೋಯಿತು. ವಿಮಲಮ್ಮನ ಕಾಲುಗಳೂ ಹಿಂದೆಯೇ ಹೋದವು. ಒಲೆಯ ಕಬ್ಬಿಣದ ಬಾಗಿಲು ತೆರೆದಿತ್ತು, ಒಳಗೆ ದಿಮ್ಮಿಗಳು ಕೆಂಪಾಗಿ ಉರಿಯುತ್ತಿದ್ದವು. ಒಲೆ ಹತ್ತಿರ ಹೋಗಿ ತಾನೇ ಸುಟ್ಟುಕೊಂಡಿತು ಅಂದರೆ ಆಯಿತು, ಸುಟ್ಟದ್ದನ್ನು ಏನು ಅಂತ ಕೇಳುತ್ತಾರೆ ಎಂದು ಅವನು ಯಾರಿಗೋ ಹೇಳುವಂತೆ ಹೇಳಿ, ಚಿನ್ನುವಿನ ಜುಟ್ಟು ಹಿಡಿದು ಮುಖವನ್ನು ಒಲೆಯ ಬಾಯಿಗೆ ಬಗ್ಗಿಸಿದ. ಆ ಹಿಡಿತ ವಿಮಲಮ್ಮನಿಗೆ ಗೊತ್ತಿತ್ತು: ಕಿವಿಯ ಮೇಲೆ ಹೆಬ್ಬೆರಳು, ಹಿಂದಲೆಯಲ್ಲಿ ನಾಲ್ಕು ಬೆರಳು. ಅವಳ ತಲೆಯ ಚರ್ಮ ಉರಿಯಿತು. ನೀಲಿ ಸೆರಗಿನ ಅಂಚು ಕಂದಾಗಿ ಮುದುರತೊಡಗಿತು. ಚಿನ್ನು ಕೊಸರಲಿಲ್ಲ. ಅಣ್ಣ, ಇಲ್ಲಿ ಬಿಸಿ ಹೆಚ್ಚಾಗಿದೆ, ನೀವು ಹಿಂದೆ ಸರಿಯಿರಿ ಎಂದಿತು. ಅಂಟು ಹಾಕಿದ ಕೆನ್ನೆ ಕರಗಿ ಇಳಿಯುವುದನ್ನು ವಿಮಲಮ್ಮ ನೋಡಿದಳು. ಮೂಗಿಗೆ ಬಂದದ್ದು ತನ್ನ ಸೀರೆ ಸುಡುವ ವಾಸನೆ.

“ಬುಡಿ,” ಎಂದಳು. ತಿಂಗಳುಗಳ ಮೇಲೆ ಗಂಡನೆದುರು ಆ ಮಾತು ಅವಳ ಬಾಯಿಂದ ಬಂದಿತ್ತು. “ಬುಡಿ ಅವುಳ್ನ.”

ಅವನು ತಿರುಗಿದ. ಅವನ ಮುಖದಲ್ಲಿ ಸಿಟ್ಟಿಗಿಂತ ಹೆಚ್ಚು ಸಮಾಧಾನವಿತ್ತು, ಕಳೆದದ್ದು ಸಿಕ್ಕಿದವನ ಸಮಾಧಾನ. ಚಿನ್ನುವನ್ನು ಅತ್ತ ನೂಕಿ, ಸೌದೆಯ ತುಂಡೊಂದನ್ನು ತೆಗೆದುಕೊಂಡು ವಿಮಲಮ್ಮನ ಭುಜಕ್ಕೆ ಹೊಡೆದ. ಅವಳು ಸೌದೆಯ ರಾಶಿಗೆ ಬಿದ್ದಳು. ನೋವು ಹಳೆಯ ಪರಿಚಯದವಳ ಹಾಗೆ ನೇರ ಒಳಗೆ ಬಂತು. ಎರಡನೆಯ ಏಟನ್ನು ಅವನು ತಲೆಗೇ ಎತ್ತಿದ. ಎತ್ತಿದಾಗ ಕಾಲ ಕೆಳಗಿನ ದಿಮ್ಮಿ ಉರುಳಿ ಮೈ ಓಲಿತು. ಬೀಳುತ್ತಿರುವ ಮನುಷ್ಯನನ್ನು ಕಂಡು ಚಿನ್ನು ಬಂದು ಅವನ ಮಣಿಕಟ್ಟು ಹಿಡಿಯಿತು.

ಅವನು ಕೊಸರಿದ. ಬೈದು ಒದ್ದ. ಕೊಸರಿದಷ್ಟೂ ಬೆರಳುಗಳು ಒಳಕ್ಕಿಳಿದವು. ಸೌದೆ ಕೈಯಿಂದ ಜಾರಿತು. ಮೊಣಕೈ ಬೆನ್ನ ಹಿಂದಕ್ಕೆ ತಿರುಚಿಕೊಂಡು ಅವನು ಮಂಡಿಯೂರಿದ, ಮುಖ ಒಲೆಯ ಬೆಳಕಿನಲ್ಲಿ ಬೆವರಿಳಿಯುತ್ತಿತ್ತು. ಬುಡ್ಲೇ, ಬುಡ್ಲೇ ಎಂದು ಅರಚಿದ. ಚಿನ್ನು ಅರ್ಧ ಕರಗಿದ ಮುಖವನ್ನು ವಿಮಲಮ್ಮನ ಕಡೆ ತಿರುಗಿಸಿ, ಅಕ್ಕ, ಏನು ಮಾಡಲಿ ಎಂದು ಕೇಳಿತು.

“ಬುಡು ಅನ್ನೇ ಅದ್ಕೆ,” ಎಂದು ದೇವರಾಜು ಕಿರುಚಿದ. “ಬುಡು ಅನ್ನು.”

ಆ ಇನ್ನೊಂದು ಮಾತು ಅವಳ ನಾಲಿಗೆಯ ತುದಿಯಲ್ಲೇ ಇತ್ತು, ಗುಡಿಸು ಸಮೇತ, ಮೇಷ್ಟ್ರು ಮೆಚ್ಚುವಷ್ಟು ಸ್ಪಷ್ಟವಾಗಿ. ಗಂಡ ಹೇಳಿದ ಮಾತನ್ನು ಅವಳು ಎಂದೂ ಮೀರಿದವಳಲ್ಲ. “ಬುಡು,” ಎಂದಳು. ಮೊದಲು ಮೆಲ್ಲಗೆ. ಚಿನ್ನು ಕಾಯಿತು. “ಬುಡು ಚಿನ್ನು, ಬುಡು,” ಎಂದು ದನಿ ಏರಿಸಿದಳು, ಹೊಳೆಯವರೆಗೂ ಕೇಳಲೆಂದು ಎದೆ ಬಡಿದುಕೊಂಡು ಕೂಗಿದಳು. ಕಣ್ಣಲ್ಲಿ ನೀರು ಬಂತು, ಕಳ್ಳ ನೀರಲ್ಲ, ನಿಜವಾದದ್ದೇ. ಯಾರಿಗಾಗಿ ಅಳುತ್ತಿದ್ದೇನೆಂದು ಅವಳಿಗೆ ತಿಳಿಯಲಿಲ್ಲ. ಒಣ ಕಡ್ಡಿ ಮುರಿದಂಥ ಸದ್ದಾಯಿತು. ದೇವರಾಜು ದನದಂತೆ ಕೂಗಿದ. ಅವಳು ಇನ್ನೊಮ್ಮೆ ಬುಡು ಎಂದಳು, ಇನ್ನೊಂದು ಸದ್ದಾಯಿತು, ಅವಳ ಎದೆಯ ಗಂಟು ಚಿನ್ನುವನ್ನು ಹೊಡೆದ ಆ ಮಧ್ಯಾಹ್ನದ ಹಾಗೆಯೇ ಹಿತವಾಗಿ ಸಡಿಲವಾಯಿತು. ಅವನ ಜ್ಞಾನ ತಪ್ಪಿ ಮೈ ಸಡಿಲಾದಾಗ ಚಿನ್ನು ಅವನನ್ನು, ಅಜ್ಜಿಯನ್ನು ಮಲಗಿಸುತ್ತಿದ್ದ ಹಾಗೆ, ತಲೆಗೆ ಅಂಗೈ ಕೊಟ್ಟು ಮೆಲ್ಲಗೆ ನೆಲಕ್ಕೆ ಮಲಗಿಸಿತು.

ಚಿಕ್ಕಬೀರಮ್ಮ ಒದ್ದೆ ಕೈಯಲ್ಲೇ ಓಡಿ ಬಂದಳು, ಹಿಂದೆಯೇ ಮಂಚಯ್ಯ. ಮಂಚಯ್ಯ ಟವೆಲಿನಲ್ಲಿ ದೇವರಾಜುವಿನ ಮುರಿದ ಕೈಯನ್ನು ಸುತ್ತಲು ಹೋಗಿ, ಅದನ್ನು ಯಾವ ಕಡೆಗೆ ಮಡಚಬೇಕೆಂದೇ ತಿಳಿಯದೆ ಬಿಟ್ಟು, ಗಾಡಿ ತರಲು ಓಡಿದ. ಚಿಕ್ಕಬೀರಮ್ಮ ಬಾಯಿ ಬಡಿದುಕೊಂಡಳು. “ಬುಡು ಬುಡು ಅಂತ ನೀನು ಎಷ್ಟು ಬಡ್ಕೊಂಡೆ ಕಣವ್ವ, ಊರೇ ಕೇಳುಸ್ಕತ್ತು. ಆ ಮಿಸನ್ನು ಕೇಳ್ಬೇಕಲ್ಲ.” ಹೌದು, ಊರೇ ಕೇಳಿಸಿಕೊಂಡಿತ್ತು. ವಿಮಲಮ್ಮ ಸೌದೆಯ ರಾಶಿಯಿಂದ ಎದ್ದಳು. ಕಣ್ಣು ಕತ್ತಲೆ ಬಂದು ಒಂದು ಹೆಜ್ಜೆ ಪಕ್ಕಕ್ಕೆ ಓಲಿದಳು. ಚಿನ್ನು ಅವಳ ಮಣಿಕಟ್ಟು ಹಿಡಿಯಿತು.

ಹಸಿರು ಬಳೆಗಳು ಒಟ್ಟಿಗೆ ಒಡೆದು ಚರ್ಮಕ್ಕೆ ನಾಟಿದವು. “ಬುಡು,” ಎಂದಳು ಅವಳು. ಈ ಸಲ ನಿಜವಾಗಿ. ಹಿಡಿತ ಸಡಿಲಾಗಲಿಲ್ಲ. ಎಳೆದುಕೊಂಡಳು, ಬಿಗಿಯಾಯಿತು. ಬಳೆ ಎಲ್ಲ ಹೆಚ್ಚಿಹೋದವಲ್ಲ ಎನ್ನುತ್ತಾ ಚಿಕ್ಕಬೀರಮ್ಮ ಆ ಬೆರಳುಗಳನ್ನು ಬಿಡಿಸಲು ನೋಡಿದಳು, ಒಂದೂ ಅಲುಗಲಿಲ್ಲ. ರಕ್ತ ಮೊಣಕೈಗೆ ಇಳಿದು ತೊಟ್ಟಿಕ್ಕಿತು.

“ಏನಂದ್ರೆ ಬುಡ್ತದವ್ವ ಇದು? ನಿಂಗಾದ್ರೂ ಗೊತ್ತಾ?” ಎಂದು ಚಿಕ್ಕಬೀರಮ್ಮ ಅವಳ ಮುಖ ನೋಡಿದಳು.

ನೆಲದ ಮೇಲೆ ದೇವರಾಜು ಕಣ್ಣು ತೆರೆದಿದ್ದ. ಅವನೂ ಅವಳ ಬಾಯಿಯನ್ನೇ ನೋಡುತ್ತಿದ್ದ. ಒಂದು ಮಾತು ಹೇಳಿದರೆ ಸಾಕು, ಕೈ ಅವಳದಾಗುತ್ತದೆ. ಹೇಳಿದರೆ ಅದು ಅವಳಿಗೆ ಮೊದಲೇ ಗೊತ್ತಿತ್ತೆಂದು ಈ ಇಬ್ಬರಿಗೂ, ಈ ಇಬ್ಬರಿಂದ ಊರಿಗೂ ಗೊತ್ತಾಗುತ್ತದೆ. ನಾಳೆ ಚಿನ್ನು ಹೇಳುವುದು ನಾಳೆಗೆ. ವಿಮಲಮ್ಮ ಹಲ್ಲು ಕಚ್ಚಿದಳು.

“ಗೊತ್ತಿಲ್ಲ ಕಣಕ್ಕ,” ಎಂದಳು.

ಚಿನ್ನು ಅವಳನ್ನು ಇನ್ನಷ್ಟು ಹತ್ತಿರಕ್ಕೆಳೆದುಕೊಂಡಿತು.

“ಹೆದರಬೇಡಿ ಅಕ್ಕ,” ಎಂದಿತು, “ಬೀಳಲು ಬಿಡುವುದಿಲ್ಲ.”